ಆರೂ ಮುಖ ಬಿಡದ ಮೂರ್ತಿ ಅಂಕಲ್

ಮೊದಲೇ ಒಪ್ಪಿಕೊಂಡುಬಿಡುತ್ತೇನೆ: ಕತ್ತರಿ ಹಿಡಿದಿದ್ದ ಕೋತಿ ನಾನೇ. ಟೇಪು ಹಿಡಿದಿದ್ದವರು ನಮ್ಮ ಓನರ್ ಮೂರ್ತಿ ಅಂಕಲ್. ಅವರ ಪ್ಯಾಂಟಿಗೆ ಬೆಲ್ಟ್ ಇಲ್ಲದ ದಿನ ನೋಡಿದ್ದೇನೆ, ಸೊಂಟದಲ್ಲಿ ಆ ಸ್ಟೀಲ್ ಟೇಪು ಇಲ್ಲದ ದಿನ ನೋಡಿಲ್ಲ. ಬನಶಂಕರಿ ಎರಡನೇ ಹಂತದ ಅವರ ಮಹಡಿ ರೂಮಿಗೆ ನಾನು ಬಾಡಿಗೆಗೆ ಬಂದ ದಿನ ಅವರು ನನ್ನ ಊರು ಕೇಳಲಿಲ್ಲ, ಕೆಲಸ ಕೇಳಲಿಲ್ಲ. ನನ್ನ ಸೂಟ್‌ಕೇಸನ್ನು ಕಾಲಿನಿಂದ ತಟ್ಟಿ, "ಇದರ ಹೊರಮೈ ಎಷ್ಟು ಚದರಡಿ?" ಅಂದರು.

"ಗೊತ್ತಿಲ್ಲ ಅಂಕಲ್."

"ಗೊತ್ತಿಲ್ದೇನೇ ಹೊತ್ಕೊಂಡು ಬಂದ್ಯಾ?"

ಯಾವುದೋ ಕಚೇರಿಯಲ್ಲಿ ಕಡತಕ್ಕೆ ದಾರ ಕಟ್ಟಿ ಕಟ್ಟಿ ರಿಟೈರಾದ ಮನುಷ್ಯ. ಸ್ಕೂಲಿನಲ್ಲಿ ಕಲಿತ ಒಂದೇ ಒಂದು ಸೂತ್ರ, ಪೆಟ್ಟಿಗೆಯ ಹೊರಮೈಯದ್ದು, ಅದು ಹೇಗೋ ತಲೆಯಲ್ಲಿ ಉಳಿದುಬಿಟ್ಟಿತ್ತು. ಉದ್ದ-ಅಗಲ, ಅಗಲ-ಎತ್ತರ, ಎತ್ತರ-ಉದ್ದ ಗುಣಿಸಿ, ಮೂರನ್ನೂ ಕೂಡಿಸಿ, ಎರಡರಷ್ಟು ಮಾಡು. ನಾವೆಲ್ಲ ಅದನ್ನು ಪರೀಕ್ಷೆ ಮುಗಿದ ಸಂಜೆಯೇ ಮರೆತವರು. ಇವರು ಅದರ ಮೇಲೆ ಸಂಸಾರ ಹೂಡಿದರು. ತಪ್ಪು ಸೂತ್ರದ್ದಲ್ಲ ಬಿಡಿ, ಪಾಪ. ಎಲ್ಲಿ ಬೇಕು, ಎಲ್ಲಿ ಬೇಡ ಅನ್ನುವ ಬುದ್ಧಿ ಸೂತ್ರದ ಜೊತೆ ಬರುವುದಿಲ್ಲ, ಅಷ್ಟೆ.

ವಾಷಿಂಗ್ ಮಿಷನ್ನಿಗೆ ಕವರ್ ಹೊಲಿಸಿದಾಗ ತಳಕ್ಕೂ ಬಟ್ಟೆ ಸೇರಿಸಿ ಲೆಕ್ಕ ಕೊಟ್ಟರು. ಮೂಲೆ ಅಂಗಡಿಯ ಟೈಲರ್ ಗಾಬರಿಯಾಗಿ, "ಸಾರ್, ಕೆಳಗೂ ಹೊಲಿದ್ರೆ ಮಿಷನ್ನನ್ನ ಮಗು ಥರ ಎತ್ಕೊಂಡು ಚಡ್ಡಿ ತೊಡಿಸ್ಬೇಕಾಗುತ್ತೆ!" ಅಂದ.

"ತೊಡಿಸ್ತೀನಿ. ಕಾಣಲ್ಲ ಅಂತ ತಳ ಬಿಟ್ರೆ ಅದು ಮೋಸ ಕಣಯ್ಯ. ಪೆಟ್ಟಿಗೆಗೆ ಮುಖ ಆರು."

ಎತ್ತಿದವನು ನಾನು. ತೊಡಿಸಿದವರು ಅವರು. ಸೊಂಟ ಹಿಡಿದುಕೊಂಡಿದ್ದು ಮಾತ್ರ ನನಗೆ.

ಇಂಥವರನ್ನು ಮಿಮಿಕ್ರಿ ಮಾಡದೆ ಬಿಡುವಷ್ಟು ಒಳ್ಳೆಯವನಲ್ಲ ನಾನು. ಒಂದು ಭಾನುವಾರ ಟೆರೇಸಿನಲ್ಲಿ ಗೆಳೆಯರ ಮುಂದೆ, ಹೊಟ್ಟೆ ಮುಂದೆ ಮಾಡಿ, ಕನ್ನಡಕ ಮೂಗಿನ ತುದಿಗಿಳಿಸಿ, ಪಿಜ್ಜಾ ಡಬ್ಬ ಅಳೆಯುವ ಮೂರ್ತಿ ಅಂಕಲ್ ಆಗಿದ್ದೆ. "ಮಗಾ, ಹಿಂದೆ!" ಅಂದ ಒಬ್ಬ. ತಿರುಗಿದರೆ ಮೆಟ್ಟಿಲ ಮೇಲೆ ಅವರೇ. ಬೈಯುತ್ತಾರೆ, ರೂಮು ಖಾಲಿ ಮಾಡಿಸುತ್ತಾರೆ ಅಂದುಕೊಂಡೆ. "ದನಿ ಸರಿಯಾಗಿದೆ. ಎರಡರಿಂದ ಗುಣಿಸೋದು ಮರ್ತೆ," ಅಂದು ಇಳಿದು ಹೋದರು. ನಕ್ಕವರು ನನ್ನ ಗೆಳೆಯರು, ನಕ್ಕಿದ್ದು ನನ್ನನ್ನು ನೋಡಿ.

ಇಷ್ಟೇ ಆಗಿದ್ದರೆ ನಗೆಪಾಟಲು ಅಂತ ಬಿಡಬಹುದಿತ್ತು. ಆದರೆ ಮನೆಯಲ್ಲಿ ಅವರ ಹೆಂಡತಿ ಸರೋಜಾ ಆಂಟಿ ಇದ್ದರು. ಅವರಮ್ಮನ ಕಾಲದ ದಸರಾ ಗೊಂಬೆಗಳು ಅವರ ಪಾಲಿಗೆ ಬಂದು, ಅಟ್ಟದ ಮೇಲೆ ಎಷ್ಟೋ ವರ್ಷದಿಂದ ಸುಮ್ಮನೆ ಬಿದ್ದಿದ್ದವು. ಬಸವನಗುಡಿಯಲ್ಲಿದ್ದ ಅಕ್ಕ ಖಡಾಖಂಡಿತ ಹೇಳಿಬಿಟ್ಟಿದ್ದರು: "ಈ ಸಲ ಕೂರಿಸಿದ್ರೆ ಗೊಂಬೆ ನಿಂದು. ಪಾಡ್ಯದ ಸಂಜೆ ಬರ್ತೀನಿ. ಕೂತಿರ್ಲಿಲ್ಲ ಅಂದ್ರೆ ನಾನು ತೊಗೊಂಡು ಹೋಗ್ತೀನಿ."

ಆಂಟಿ ತಿಂಗಳಿಂದ ಕಾದಿದ್ದರು. ಹನ್ನೆರಡು ರಟ್ಟಿನ ಪೆಟ್ಟಿಗೆ ಒಂದೇ ಅಳತೆಯವು ಹುಡುಕಿ ತಂದು ಮೂರು ಮೆಟ್ಟಿಲಾಗಿ ಜೋಡಿಸಿದರು. ಅಮ್ಮ ಎರಡು ಪಂಚೆ ಸೇರಿಸಿ ಕೈಯಲ್ಲೇ ಹೊಲಿದಿದ್ದ ಬಿಳಿ ಹಾಸು ಒಗೆದು ಇಸ್ತ್ರಿ ಮಾಡಿಟ್ಟರು. ಮೇಲಿಂದ ಕೆಳಕ್ಕೆ ಇಳಿಬಿಟ್ಟರೆ ಮುಗಿಯಿತು, ಐದು ನಿಮಿಷದ ಕೆಲಸ. ಪಾಡ್ಯದ ಬೆಳಗ್ಗೆ ಹೂವು ತರಲು ಗಾಂಧಿ ಬಜಾರಿಗೆ ಹೋದರು.

ಗೇಟು ಮುಚ್ಚಿದ ಸದ್ದಾಗುತ್ತಲೇ ಅಂಕಲ್ ಟೇಪು ಎಳೆದರು. "ಒಂದೂಕಾಲು ಅಡಿ ಉದ್ದ, ಅಗಲ ಒಂದು, ಎತ್ತರ ಒಂದು. ಪೆಟ್ಟಿಗೆಗೆ ಏಳು ಚದರಡಿ. ಹನ್ನೆರಡಕ್ಕೆ ಎಂಬತ್ನಾಲ್ಕು. ಬಟ್ಟೆ ತೊಂಬತ್ತರ ಮೇಲಿದೆ. ಉಳಿಯುತ್ತೆ ಕಣೋ! ಒಂದೊಂದಕ್ಕೂ ಬೇರೆ ಬೇರೆ ಮುಚ್ಚೋಣ. ಕತ್ತರಿ ತಾ."

"ಅಂಕಲ್, ಒಂದರ ಮೇಲೊಂದು ಇಟ್ರೆ ಅರ್ಧಕ್ಕರ್ಧ ಮುಖ ಯಾರಿಗೂ ಕಾಣಲ್ವಲ್ಲ?"

"ದೇವರಿಗೆ ಕಾಣುತ್ತೆ."

ಇಂಥ ಮಾತಿಗೆ ಬಗ್ಗಿದೆನಲ್ಲ, ನನಗಿಂತ ಪೆದ್ದ ಇನ್ನೊಬ್ಬನಿಲ್ಲ. ಎಪ್ಪತ್ತೆರಡು ತುಂಡು ಕತ್ತರಿಸಿದೆ, ಅಳತೆಗೆ ಕೂದಲೆಳೆಯಷ್ಟೂ ಹೆಚ್ಚಿಲ್ಲದೆ. ಅಂಕಲ್ ಗೋಂದು ಬಳಿದರು. ಗೋಂದು ಕುಡಿದ ಬಟ್ಟೆ ಮುದುರಿತು. ಅಂಚಿನಲ್ಲಿ ಮಡಿಸಲು ಒಂದು ಬೆರಳು ಬಟ್ಟೆಯನ್ನೂ ಬಿಟ್ಟಿರಲಿಲ್ಲವಾದ್ದರಿಂದ ಪ್ರತಿ ಪೆಟ್ಟಿಗೆಯ ಮೂಲೆಯಲ್ಲೂ ಮಿಕ್ಸಿ ಕಂಪನಿಯ ಕೆಂಪು ಅಕ್ಷರ ಇಣುಕಿತು. ಒಂದು ಕಡೆ ಅಂಟಿಸಿದರೆ ಇನ್ನೊಂದು ಕಡೆ ಕಳಚಿ ಬಿತ್ತು.

ಆಂಟಿ ಹೂವಿನ ಚೀಲ ಹಿಡಿದು ಬಾಗಿಲಲ್ಲಿ ನಿಂತರು. ನೆಲದ ಮೇಲಿದ್ದ ಒಂದು ತುಂಡು ಎತ್ತಿಕೊಂಡು, ಅಮ್ಮನ ಹೊಲಿಗೆ ಇದ್ದ ಅಂಚನ್ನು ಹೆಬ್ಬೆರಳಿನಿಂದ ಸವರಿದರು.

"ಸರೋಜ, ಗಾಬರಿಯಾಗ್ಬೇಡ. ಲೆಕ್ಕ ಸರಿಯಾಗಿದೆ," ಅಂದರು ಅಂಕಲ್.

ಮುಂದಿನ ವಾರವೇ ನಾನು ಬಿಟಿಎಂಗೆ ರೂಮು ಬದಲಾಯಿಸಿದೆ. ಮತ್ತೆ ಆ ಮನುಷ್ಯನ ಮುಖ ನೋಡಿಲ್ಲ. ನೋಡಬೇಕು ಅಂತಲೂ ಅನ್ನಿಸಿಲ್ಲ. ನನ್ನ ಕಣ್ಣಲ್ಲಿ ಉಳಿದಿರುವುದು ಆ ಸಂಜೆಯ ಅಂಕಲ್: ಮೊಣಕೈವರೆಗೆ ಗೋಂದು, ಪಂಚೆಗೆ ಅಂಟಿದ ಎರಡು ಬಿಳಿ ತುಂಡು, ಸುತ್ತ ಕೆಂಪು ಅಕ್ಷರದ ಪೆಟ್ಟಿಗೆಗಳು. ಅಕ್ಕ ಬಂದರು, ನೋಡಿದರು. ಬೈಯಲೂ ಇಲ್ಲ. "ಏಳು, ಆಟೋ ಕಾಯ್ತಿದೆ," ಅಂದರು. ಅಕ್ಕತಂಗಿಯರಿಬ್ಬರೂ ಗೊಂಬೆಗಳನ್ನು ಹಳೇ ಸೀರೆಯಲ್ಲಿ ಸುತ್ತಿ ಆಟೋಗೆ ಸಾಗಿಸಿದರು. ರಾಜ-ರಾಣಿಯ ಪಟ್ಟದ ಗೊಂಬೆಗಳನ್ನು ಮಾತ್ರ ಆಂಟಿ ಯಾರ ಕೈಗೂ ಕೊಡದೆ ತೊಡೆಯ ಮೇಲಿಟ್ಟುಕೊಂಡು ತಾವೂ ಹತ್ತಿ ಕೂತರು.

ಅಂಕಲ್ ಗೇಟಿನವರೆಗೆ ಓಡಿ ಬಂದರು. "ನೀನ್ಯಾಕೆ ಹೋಗ್ತಿದ್ದೀಯ?"

"ಗೊಂಬೆ ಎಲ್ಲಿ ಕೂರುತ್ತೋ ನಾನೂ ಅಲ್ಲೇ ಕೂರ್ತೀನಿ. ವಿಜಯದಶಮಿ ಕಳೀಲಿ, ಆಮೇಲೆ ನೋಡೋಣ."

"ಮತ್ತೆ ನನ್ನ ಊಟ?"

ಆಂಟಿ ಸೆರಗು ಒಳಗೆಳೆದುಕೊಂಡು, ಆಟೋದವನಿಗೆ ಹೊರಡು ಅಂತ ಸನ್ನೆ ಮಾಡಿ, ಹೇಳಿದರು:

"ಫ್ರಿಜ್ಜಲ್ಲಿ ದೋಸೆ ಹಿಟ್ಟಿದೆ ರೀ. ದುಂಡಗೆ ಹುಯ್ಕೊಂಡು ತಿನ್ನಿ, ಅಳೆಯೋ ಕಷ್ಟ ಇರಲ್ಲ."