ಮೊಣಕೈಗೆ ನೌಕರಿ

ಕಳೆದ ಚಳಿಗಾಲದ ಒಂದು ಬೆಳಿಗ್ಗೆ ಬಾಳಪ್ಪ ನನ್ನ ಕೌಂಟರಿನ ಮೇಲೆ ಒಂದು ಗ್ರೂಪ್ ಫೋಟೋ ಇಟ್ಟ. ಇಟ್ಟವನು ಫೋಟೋ ತೋರಿಸಲಿಲ್ಲ. ಅದರ ಆಚೆ, ಖಾಲಿ ಗಾಜಿನ ಮೇಲೆ ಬೆರಳೂರಿದ.

‘ನಾ ಇಲ್ಲಿ ಅದೀನ್ರಿ.’

ಬೆರಳು ನೋಡಿದೆ. ಗಾಜು ನೋಡಿದೆ. ಗಾಜಿನ ಕೆಳಗೆ ರೋಲಿನ ಡಬ್ಬಿಗಳಿದ್ದವು, ಬಾಳಪ್ಪ ಇರಲಿಲ್ಲ.

‘ಎಲ್ಲಿ ಅದಿಯೋ ತಮ್ಮಾ?’

‘ಇಲ್ಲೇ ನಿಂತಿದ್ನಿರಿ. ನೀವು ಕತ್ತರಿಸಿ ಒಗದ್ರಿ. ಈ ಮೊಣಕೈ ಉಳದೈತಿ ನೋಡ್ರಿ, ಇದು ನಂದ.’

ಹೌದು. ಬಲ ಅಂಚಿನಲ್ಲಿ, ಯಾರದೂ ಅಲ್ಲದ ಒಂದು ಮೊಣಕೈ!

ಚಿಕ್ಕೋಡಿಯಲ್ಲಿ ನನ್ನದೊಂದು ಸ್ಟುಡಿಯೋ ಇದೆಯೆಂದು ಈ ಅಂಕಣ ಓದುವವರಿಗೆಲ್ಲ ಗೊತ್ತು (ಗೊತ್ತಿಲ್ಲದವರು ಪಾಸ್‌ಪೋರ್ಟ್ ಸೈಜಿಗಾದರೂ ಒಮ್ಮೆ ಬನ್ನಿ). ಪ್ರತಿ ಖಂಡೇನವಮಿಗೆ, ಅಂದರೆ ಆಯುಧಪೂಜೆಗೆ, ಒಂದು ಸಕ್ಕರೆ ಕಾರ್ಖಾನೆಗೆ ಹೋಗಿ ಪಂಪ್‌ಹೌಸಿನ ಪೂಜೆಯ ಗ್ರೂಪ್ ಫೋಟೋ ತೆಗೆಯುತ್ತೇನೆ. ಕಾರ್ಖಾನೆಯ ಹೆಸರು ಕೇಳಬೇಡಿ, ಆರ್ಡರ್ ಇನ್ನೂ ಕೈಯಲ್ಲಿದೆ. ಮುಂದೆ ಕುರ್ಚಿ, ಹಿಂದೆ ಎರಡು ಸಾಲು, ನಡುವೆ ಸ್ಲೇಟಿನ ಮೇಲೆ ಇಸವಿ. ಆಫೀಸಿನ ಸಾಹೇಬರದು ಒಂದೇ ಸೂಚನೆ: ಫೋಟೋದಲ್ಲಿ ಕಾಯಂ ನೌಕರರಷ್ಟೇ ಇರಬೇಕು. ಅಂಚಿಗೆ ಬಂದು ನಿಲ್ಲುವ ಕಂತ್ರಾಟಿನವರನ್ನು ನಾನು ಪ್ರಿಂಟ್ ಹಾಕಿದ ಮೇಲೆ ಕತ್ತರಿಸಿಬಿಡುತ್ತಿದ್ದೆ. ಏಳು ವರ್ಷ ಕತ್ತರಿಸಿದೆ. ಒಂದು ವರ್ಷ ಕತ್ತರಿ ಓರೆಯಾಯಿತೋ ಏನೋ, ಮೊಣಕೈ ಉಳಿದಿತ್ತು.

ಇನ್ನು ಬಾಳಪ್ಪ. ಕಾರ್ಖಾನೆಗೆ ಜಮೀನು ಸ್ವಾಧೀನವಾದಾಗ ಅವನಪ್ಪನ ಮೂರೂವರೆ ಎಕರೆಯೂ ಹೋಯಿತು. ‘ಮನೆಗೊಂದು ನೌಕರಿ’ ಎಂದು ಮಾತು ಕೊಟ್ಟರು. ನೌಕರಿ ಬಂತು, ಆದರೆ ಕಂತ್ರಾಟದಾರನ ಕೈಕೆಳಗೆ. ಅವನ ಹೊಲದ ಬಾವಿಗೇ ಕಾರ್ಖಾನೆಯ ಪಂಪು ಕೂತಿತು, ಆ ಪಂಪು ನಡೆಸಲು ಅವನೇ ನಿಂತ. ಏಳು ವರ್ಷದ ನಂತರ, ಕಬ್ಬಿನ ಹಂಗಾಮು ಶುರುವಾಗುವ ಹೊತ್ತಿಗೆ, ‘ನಾಳಿಂದ ಬರಬ್ಯಾಡ’ ಎಂದರು.

ಬಾಳಪ್ಪ ಬೆಳಗಾವಿಯ ಲೇಬರ್ ಆಫೀಸಿಗೆ ಅರ್ಜಿ ಹಾಕಿದ. ಏಳು ವರ್ಷ ದುಡಿದಿದ್ದೇನೆ, ಮಾತು ಕೊಟ್ಟ ನೌಕರಿ ಕಾಯಂ ಮಾಡಿ ಕೊಡಿ ಎಂದ. ಕಾರ್ಖಾನೆಯವರು ‘ಈತ ಯಾರು?’ ಎಂದರು. ಕಂತ್ರಾಟದಾರನ ಹಾಜರಿ ಪುಸ್ತಕದಲ್ಲಿ ಅವನ ಹೆಸರಿದ್ದದ್ದು ಎರಡೇ ವರ್ಷ. ಪುರಾವೆ ತಾ ಎಂದಾಗ ಪಾಪ ಈ ಫೋಟೋ ಒಯ್ದಿದ್ದಾನೆ. ಕಾರ್ಖಾನೆಯ ವಕೀಲರು ನೋಡಿ, ‘ಮೊಣಕೈಗೆ ನೌಕರಿ ಕೊಡಾಕ ಬರತೈತೇನ್ರಿ?’ ಎಂದರಂತೆ. ಎಲ್ಲರೂ ನಕ್ಕರಂತೆ. ಬಾಳಪ್ಪನೂ ನಕ್ಕನಂತೆ.

‘ನಗಲಿ ಬಿಡ್ರಿ. ಉಳದ ಮೈ ನಿಮ್ಮ ಕಡೆ ಐತಲ್ಲ? ಕೊಡ್ರಿ.’

ಇತ್ತು! ನೆಗೆಟಿವ್ ಕತ್ತರಿಸುವ ಪಾಪವನ್ನು ನಾನು ಮಾಡಿರಲಿಲ್ಲ. ಅಟ್ಟದಿಂದ ಬಿಸ್ಕಿಟ್ ಡಬ್ಬಿ ಇಳಿಸಿದೆ. ಐದು ವರ್ಷದವು ಸಿಕ್ಕವು. ಇನ್ನೆರಡು? ಆಗ ನೆನಪಾಯಿತು. ಆ ಸಲದ ದೀಪಾವಳಿಯ ಗ್ರಹಣಕ್ಕೆ, ಸೂರ್ಯನನ್ನು ನೋಡಲೆಂದು, ಓಣಿಗೆಲ್ಲ ಹಳೆಯ ನೆಗೆಟಿವ್ ಹಂಚಿದ್ದೆ. ದೊಡ್ಡ ದಾನಶೂರ ನಾನು!

ಇಬ್ಬರೂ ಮನೆಮನೆ ತಿರುಗಿದೆವು. ಒಂದು, ಕೊನೆಮನೆಯ ಅಜ್ಜಿಯ ಪಂಚಾಂಗದೊಳಗಿತ್ತು. ಇನ್ನೊಂದು ಹಿಟ್ಟಿನ ಗಿರಣಿಯಲ್ಲಿ ಮೊಳೆಗೆ ನೇತಾಡುತ್ತಿತ್ತು. ಬಾಳಪ್ಪ ಅದರ ಹಿಟ್ಟು ಒರೆಸಿ, ಬೆಳಕಿಗೆ ಹಿಡಿದು, ‘ಸೂರ್ಯಾಗೂ ಕಂಡೀನಿ. ಕಾರಖಾನಿಯವ್ರಿಗಷ್ಟ ಕಂಡಿಲ್ಲ’ ಎಂದ.

ಅಂಚು ಕತ್ತರಿಸದೆ ಏಳೂ ಪ್ರಿಂಟ್ ಹಾಕಿ ನಾನೇ ಬೆಳಗಾವಿಗೆ ಒಯ್ದೆ. ಏಳರಲ್ಲೂ ಸ್ಲೇಟಿದೆ, ಇಸವಿಯಿದೆ, ಅಂಚಿನಲ್ಲಿ ಬಾಳಪ್ಪನಿದ್ದಾನೆ. ಗೆದ್ದೆವು ಅಂದುಕೊಂಡೆ. ವಕೀಲರು ಬಿಡಬೇಕಲ್ಲ?

‘ಪೂಜಾ ನೋಡಾಕ ಬಂದಿರಬೇಕ್ರಿ. ಊರ ಮಂದಿ ಬರ್ತಾರ.’

 ಬಾಳಪ್ಪನ ಮುಖ ಮೊದಲ ಸಲ ಸಪ್ಪಗಾಯಿತು. ಲೇಬರ್ ಆಫೀಸರು (ಅಥಣಿ ಕಡೆಯ ರೈತರ ಮನೆಯವರು) ಕನ್ನಡಕ ಏರಿಸಿ ಒಂದೊಂದೇ ಫೋಟೋ ನೋಡಿದರು.

‘ಇವನ ಕೈಯಾಗ ಏನೈತಿ?’

ತೆಂಗಿನಕಾಯಿಯ ಎರಡು ಹೋಳು. ಏಳು ಫೋಟೋದಲ್ಲೂ!

‘ಅಲ್ರಿ ವಕೀಲರ, ನಮ್ಮ ಮನ್ಯಾಗ ಟ್ರ್ಯಾಕ್ಟರ್ ಪೂಜಾ ಮಾಡಿದ್ರ ಕಾಯಿ ಯಾರ ಒಡೀತಾರ? ನಡಸಾಂವ ಒಡೀತಾನ. ನೋಡಾಕ ಬಂದಾಂವ ಪ್ರಸಾದ ತಿಂದ ಹೋಗ್ತಾನ.’

ಹೌದಲ್ಲ! ನಮ್ಮ ಕಡೆ ಇದು ಯಾರಿಗೆ ಗೊತ್ತಿಲ್ಲ? ನಡೆಸುವವನ ಕೈಯಿಂದ ಕಾಯಿ ಒಡೆಯದಿದ್ದರೆ ಯಂತ್ರ ಮುನಿಯುತ್ತದೆ. ಬೇರೆಯವರ ಕೈಯಿಂದ ಒಡೆಸುವ ಧೈರ್ಯ ಕಾಯಂ ನೌಕರರಿಗೂ ಇರಲಿಲ್ಲ, ಸಾಹೇಬರಿಗೂ ಇರಲಿಲ್ಲ. ಕಾಯಿ ಒಡೆಯಲು ಬಾಳಪ್ಪ ಬೇಕು, ಫೋಟೋಕ್ಕೆ ಬೇಡ! ನಾನಾದರೂ ಏನು ಕಮ್ಮಿ? ಏಳು ವರ್ಷ ಅವನು ಒಡೆದ ಕಾಯಿಯ ಕೊಬ್ಬರಿ ತಿಂದೆ, ಸ್ಟುಡಿಯೋಕ್ಕೆ ಬಂದು ಅವನನ್ನೇ ಕತ್ತರಿಸಿದೆ. ಅವತ್ತು ನಿಜಕ್ಕೂ ನಾಚಿಕೆಯಾಯಿತು.

ಮುಂದಿನ ತಾರೀಖಿಗೆ ಕಾರ್ಖಾನೆಯವರು ರಾಜಿಗೆ ಬಂದರು. ಬಾಳಪ್ಪ ಕಾಯಂ ಆದ. ನನಗೊಂದು ಡಬ್ಬಿ ಪೇಢೆ ಬಂತು (ಮನೆಯವಳು ಅರ್ಧ ಓಣಿಗೆ ಹಂಚಿದಳು, ಗ್ರಹಣದ ದಾನ ಅವಳಿಗೂ ಅಂಟಿದೆ).

ಮೊನ್ನೆ ಖಂಡೇನವಮಿಗೆ ಮತ್ತೆ ಕ್ಯಾಮೆರಾ ಹೊತ್ತು ಹೋದೆ. ಹೊಸ ಪಟಕಾ ಸುತ್ತಿ ಬಾಳಪ್ಪ ಮುಂದಿನ ಸಾಲಿನ ಕುರ್ಚಿಯಲ್ಲಿ ಕೂತಿದ್ದ. ಅಂಚಿನಲ್ಲಿ ಐವರು ಕಂತ್ರಾಟಿನವರು ನಿಂತಿದ್ದರು. ಅವರಲ್ಲಿ ಮೂವರ ಹೊಲವೂ ಅದೇ ಕಾಂಪೌಂಡಿನೊಳಗೆ ಹೋಗಿದೆ. ಸಾಹೇಬರು ನನ್ನ ಹತ್ತಿರ ಬಂದು ಎಂದಿನಂತೆ, ‘ಕಾಯಂ ಇದ್ದವರಷ್ಟ, ಗೊತ್ತೈತಲ್ಲ?’ ಎಂದರು. ನಾನೂ ಎಂದಿನಂತೆ ತಲೆಯಾಡಿಸಿದೆ. ಆರ್ಡರ್ ನೋಡಿ, ಆರ್ಡರ್!

ಕ್ಯಾಮೆರಾಕ್ಕೆ ಕಣ್ಣಿಟ್ಟರೆ ಕುರ್ಚಿ ಖಾಲಿ. ಬಾಳಪ್ಪ ಎಲ್ಲಿ? ಎದ್ದು ಹೋಗಿ ಆ ಐವರಿಗಿಂತಲೂ ಆಚೆ, ತೀರ ಕೊನೆಗೆ ನಿಂತಿದ್ದ. ಕೈಯಲ್ಲಿ ಕಾಯಿಯ ಹೋಳು, ಮುಖದ ತುಂಬ ನಗು. ಅಲ್ಲಿಂದಲೇ ಕೂಗಿದ:

‘ನಾ ಈಗ ಕಾಯಂ ಅದೀನ್ರಿ. ಕತ್ತರಿ ಎಲ್ಲಿ ಇಡ್ತೀರಿ, ಇಡ್ರಿ ನೋಡೂಣು?’