ಕಡೂರಿನಲ್ಲಿ ಉಳಿದ ಹನ್ನೆರಡನೆಯವನು

1999ರಲ್ಲಿ ನಾನು ಮೂಡಿಗೆರೆಯ ಒಂದು ಖಾಸಗಿ ತರಬೇತಿ ಕೇಂದ್ರದಲ್ಲಿ ಬೋಧಕನಾಗಿದ್ದೆ. ಕೆಲಸಕ್ಕೆ ಸೇರಿ ಎರಡನೆಯ ವರ್ಷ. ನನಗೆ ಇಪ್ಪತ್ತಾರು ವಯಸ್ಸು. ಕಾಫಿ ಎಸ್ಟೇಟುಗಳಿಗೆ ಸೂಪರ್‌ವೈಸರ್‌ಗಳನ್ನು ತಯಾರು ಮಾಡುವುದು ನಮ್ಮ ಕೆಲಸ. ಆ ಸಲದ ತಂಡದಲ್ಲಿ ಹನ್ನೆರಡು ಮಂದಿ ಇದ್ದರು. ನರ್ಸರಿ, ಗೊಬ್ಬರ, ಕಾಫಿ ಹಣ್ಣಿನ ಸಿಪ್ಪೆ ಬಿಡಿಸುವ ಪಲ್ಪಿಂಗ್ ಎಲ್ಲ ಮುಗಿದ ಮೇಲೆ ಕೊನೆಯಲ್ಲಿ ‘ನಿರ್ಧಾರ ಕೈಗೊಳ್ಳುವಿಕೆ’ ಎಂಬ ಒಂದು ಪಾಠ.

ಆ ಪಾಠಕ್ಕೆ ನಾನು ಆರಿಸಿಕೊಂಡದ್ದು ರೈಲಿನ ಪ್ರಶ್ನೆ. ಬ್ರೇಕ್ ತಪ್ಪಿದ ಬೋಗಿಯೊಂದು ಉರುಳಿ ಬರುತ್ತಿದೆ. ಹಳಿಯ ಮೇಲೆ ಐದು ಮಂದಿ ಕೆಲಸ ಮಾಡುತ್ತಿದ್ದಾರೆ. ನಿಮ್ಮ ಕೈಯಲ್ಲೊಂದು ಲಿವರ್ ಇದೆ. ಎಳೆದರೆ ಬೋಗಿ ಪಕ್ಕದ ಹಳಿಗೆ ಹೊರಳುತ್ತದೆ, ಆದರೆ ಅಲ್ಲಿಯೂ ಒಬ್ಬನಿದ್ದಾನೆ. ಎಳೆಯುತ್ತೀರಾ?

ಎಂಟು ಮಂದಿ ಎಳೆಯುತ್ತೇವೆ ಎಂದರು, ಮೂವರು ಇಲ್ಲ ಎಂದರು. ಆಲ್ದೂರಿನ ಶೈಲಾ ಮಾತ್ರ, “ಸರ್, ಆ ಐದು ಜನರ ಮೇಸ್ತ್ರಿ ಎಲ್ಲಿ ಹಾಳಾಗಿ ಹೋಗಿದ್ದ?” ಎಂದು ಕೇಳಿದಳು. ಅವಳನ್ನು ತಟಸ್ಥ ಎಂದು ಬರೆದುಕೊಂಡೆ. ಎಲ್ಲರಿಗಿಂತ ಜೋರಾಗಿ ವಾದ ಮಾಡಿದವನು ಕಳಸದ ಕಡೆಯ ಪೂರ್ಣೇಶ. “ಐದು ದೊಡ್ಡದೋ ಒಂದು ದೊಡ್ಡದೋ? ಇದಕ್ಕೂ ಒಂದು ಪಾಠ ಬೇಕಾ ಸರ್?” ಎಂದು ಕೈ ಝಾಡಿಸಿಬಿಟ್ಟ.

ಚರ್ಚೆ ಮುಗಿದ ಮೇಲೆ ಇನ್ನೊಂದು ವಿಷಯ ತಿಳಿಯಿತು. ಹನ್ನೆರಡರಲ್ಲಿ ಹತ್ತು ಮಂದಿ ಅದುವರೆಗೆ ರೈಲನ್ನೇ ಹತ್ತಿರಲಿಲ್ಲ. ಮರುವಾರ ಬೆಂಗಳೂರಿನಲ್ಲಿ ಅವರಿಗೆ ಕಪ್ ಟೇಸ್ಟಿಂಗ್ ಪರೀಕ್ಷೆ ಇತ್ತು. ಕಾಫಿ ಹೀರಿ ಅದರ ದರ್ಜೆ ಹೇಳುವ ಪರೀಕ್ಷೆ ಅದು. ಬಸ್ಸಿನ ಬದಲು ಕಡೂರಿನಿಂದ ರೈಲಿನಲ್ಲೇ ಕರೆದುಕೊಂಡು ಹೋಗೋಣ ಎಂದುಕೊಂಡೆ.

ಪೂರ್ಣೇಶನಿಗೆ ಆ ಪರೀಕ್ಷೆ ಬಹಳ ಮುಖ್ಯವಾಗಿತ್ತು. ಎಸ್ಟೇಟ್ ಮಾಲೀಕರೊಬ್ಬರು, ಸರ್ಟಿಫಿಕೇಟ್ ತಂದರೆ ಸೋಮವಾರದಿಂದಲೇ ಕೆಲಸ, ಇಲ್ಲದಿದ್ದರೆ ಬೇರೆಯವನನ್ನು ನೋಡಿಕೊಳ್ಳುತ್ತೇನೆ ಎಂದು ಅವನಿಗೆ ಖಡಾಖಂಡಿತವಾಗಿ ಹೇಳಿದ್ದರು.

ಕತ್ತಲಿರುವಾಗಲೇ ಹೊರಟ ನಮ್ಮ ಮೆಟಡೋರ್ ವ್ಯಾನು ಬೆಳಗಿನ ಹೊತ್ತಿಗೆ ಕಡೂರು ಸೇರಿತು. ನಮ್ಮನ್ನು ಇಳಿಸಿದ ಡ್ರೈವರ್ ರುದ್ರೇಶಣ್ಣ ಹತ್ತಿರದ ಹೋಟೆಲಿಗೆ ತಿಂಡಿಗೆ ಹೋದರು. ಪ್ಯಾಸೆಂಜರ್ ರೈಲು ಬಂತು, ಎಲ್ಲರೂ ಹತ್ತಿದರು. ಕಿಟಕಿ ಪಕ್ಕದ ಜಾಗಕ್ಕೆ ಚಿಕ್ಕ ಮಕ್ಕಳ ಹಾಗೆ ಜಗಳವಾಯಿತು. ಗಾಡಿ ಅಲುಗಿದಾಗ ನನ್ನ ಅಭ್ಯಾಸದಂತೆ ತಲೆ ಎಣಿಸಿದೆ. ಹನ್ನೊಂದು.

“ಪೂರ್ಣೇಶ ಎಲ್ಲಿ?”

“ಕಾಫಿ ಟೇಸ್ಟ್ ಮಾಡ್ತೀನಿ ಅಂತ ಇಳಿದ ಸರ್,” ಎಂದಳು ಶೈಲಾ. “ಬರೀ ಚಿಕೋರಿ ಅಂತ ಅಂಗಡಿಯವ್ರ ಹತ್ರ ಜಗಳ ಆಡ್ತಿದ್ದ.”

ವಾರವಿಡೀ ಕಪ್ ಟೇಸ್ಟಿಂಗ್ ಅಭ್ಯಾಸ ಮಾಡಿಸಿದ್ದರ ಫಲ! ಅವನ ಬ್ಯಾಗು, ದುಡ್ಡು, ಪ್ರವೇಶಪತ್ರ ಎಲ್ಲ ನಮ್ಮ ಸೀಟಿನ ಮೇಲೆಯೇ ಇದ್ದವು. ನಾನು ಎದ್ದು ಚೈನಿಗೆ ಕೈ ಹಾಕಿದೆ. ಹನ್ನೊಂದು ಮಂದಿಯೂ ಎದ್ದು ನನ್ನನ್ನು ಸುತ್ತುವರಿದರು.

“ಎಳೀರಿ ಸರ್!”

“ಬೇಡ ಸರ್, ದಂಡ ಹಾಕ್ತಾರೆ.”

“ಐದು ದೊಡ್ಡದೋ ಒಂದು ದೊಡ್ಡದೋ ಅಂದವ್ನು ಅವ್ನೇ ಅಲ್ವಾ? ಬಿಟ್ಟಾಕಿ!” ಇದು ಶೈಲಾಳ ಮಾತು. ಎಲ್ಲರೂ ಗೊಳ್ಳೆಂದು ನಕ್ಕರು.

ಎದುರಿನ ಸೀಟಿನ ಹೆಂಗಸೊಬ್ಬರು ನಗಲಿಲ್ಲ. “ಎಳೀಬೇಡ್ರಪ್ಪಾ, ಅರಸೀಕೆರೆಲಿ ಇನ್ನೊಂದು ಗಾಡಿ ಹಿಡೀಬೇಕು. ಮಗಳ ಸೀಮಂತ ಇವತ್ತು. ಅದು ತಪ್ಪಿದ್ರೆ ಶಾಸ್ತ್ರವೇ ಮುಗಿದಿರುತ್ತೆ,” ಎಂದರು.

ನನ್ನ ಕೈ ಇನ್ನೂ ಚೈನಿನ ಮೇಲೆಯೇ ಇತ್ತು. ಇವರೊಬ್ಬರು ಬಾಯಿಬಿಟ್ಟು ಹೇಳಿದರು; ಹೇಳದವರು ಈ ಗಾಡಿಯಲ್ಲಿ ಇನ್ನೆಷ್ಟು ಮಂದಿಯೋ ಎನಿಸಿತು. ಅಷ್ಟರಲ್ಲಿ ಪ್ಲಾಟ್‌ಫಾರಂ ಮುಗಿದು ಹೊಲಗಳು ಶುರುವಾದವು. ನಾನು ಚೈನು ಬಿಟ್ಟು ಕುಳಿತೆ. ಆ ಹೆಂಗಸು ಚೀಲದಿಂದ ಕೋಡುಬಳೆ ತೆಗೆದು ಎಲ್ಲರಿಗೂ ಹಂಚಿದರು.

ಬಾಣಾವರದಲ್ಲಿ ಎದುರಿನಿಂದ ಬರುವ ಗಾಡಿಗಾಗಿ ನಮ್ಮ ರೈಲನ್ನು ನಿಲ್ಲಿಸಿದರು. ಸ್ವಲ್ಪ ಹೊತ್ತಿನಲ್ಲೇ ಪ್ಲಾಟ್‌ಫಾರಂ ಮೇಲೆ ಪೂರ್ಣೇಶ ಓಡಿ ಬರುವುದು ಕಂಡಿತು. ಹಿಂದೆ ರುದ್ರೇಶಣ್ಣ ಪಂಚೆ ಎತ್ತಿ ಕಟ್ಟಿಕೊಂಡು, “ಹತ್ತು ಮಾರಾಯ, ಇನ್ನು ಅರಸೀಕೆರೆ ತನಕ ಓಡಿಸೋಕೆ ನನ್ನ ವ್ಯಾನಲ್ಲಿ ಡೀಸೆಲ್ ಇಲ್ಲ!” ಎಂದು ಕೂಗುತ್ತಿದ್ದರು. ನಮ್ಮ ಬೋಗಿಯಲ್ಲಿ ಶಿಳ್ಳೆಯೋ ಶಿಳ್ಳೆ.

ಉಸಿರು ತಹಬದಿಗೆ ಬಂದ ಮೇಲೆ ಪೂರ್ಣೇಶ ನನ್ನ ಪಕ್ಕ ಕುಳಿತ. “ಚೈನ್ ಎಳೀಲಿಲ್ವಾ ಸರ್?”

ಮುಚ್ಚುಮರೆಯಿಲ್ಲದೆ ಎಲ್ಲವನ್ನೂ ಹೇಳಿದೆ. ಅವನು ಆ ಹೆಂಗಸಿನ ಕಡೆ ನೋಡಿ ತಲೆಯಾಡಿಸಿದ.

“ಎಳೀದಿದ್ದದ್ದು ಸರಿ ಸರ್. ನಾನಾಗಿದ್ರೂ ಎಳೀತಿರ್ಲಿಲ್ಲ. ಆದ್ರೆ ಒಂದು ಕಿಟಕಿಲೂ ಒಂದು ಮುಖ ಕಾಣ್ಲಿಲ್ಲ. ನಾನು ಇಲ್ಲ ಅನ್ನೋದು ನಿಮಗೆ ಗೊತ್ತಾಯ್ತೋ ಇಲ್ವೋ ಅಂತಾನೇ ತಿಳೀಲಿಲ್ಲ. ಮುಂದಿನ ಸ್ಟೇಷನ್ನಿಗೆ ಬಾ ಅಂತ ಯಾರಾದ್ರೂ ಒಂದು ಕೈ ಮಾಡಿದ್ರೆ ಸಾಕಿತ್ತು. ರುದ್ರೇಶಣ್ಣ ಬಂದು ಎಳಕೊಂಡು ಹೋಗೋ ತನಕ ಕಂಬದ ಹಾಗೆ ನಿಂತಿದ್ದೆ.”

ಹನ್ನೊಂದು ಮಂದಿ ಮತ್ತು ನಾನು ಅವನ ವಿಷಯವನ್ನೇ ಅಷ್ಟು ಗಂಭೀರವಾಗಿ ಚರ್ಚಿಸಿದ್ದೆವು. ಅವನಿದ್ದದ್ದು ಮಾತ್ರ ನಮ್ಮೆಲ್ಲರ ಬೆನ್ನ ಹಿಂದೆ.

ಪೂರ್ಣೇಶ ಪರೀಕ್ಷೆಯಲ್ಲಿ ತಂಡಕ್ಕೇ ಎರಡನೆಯವನಾದ. ಸೋಮವಾರ ಕೆಲಸಕ್ಕೂ ಸೇರಿದ. ಆ ಹೆಂಗಸು ಅರಸೀಕೆರೆಯಲ್ಲಿ ಇಳಿದವರು ಪಕ್ಕದ ಪ್ಲಾಟ್‌ಫಾರಂನಲ್ಲಿ ನಿಂತಿದ್ದ ತಮ್ಮ ಗಾಡಿಯ ಕಡೆಗೆ ಓಡಿದ್ದನ್ನು ನಾವೆಲ್ಲ ಕಿಟಕಿಯಿಂದ ನೋಡಿದೆವು.

ಅಂದು ಚೈನು ಎಳೆಯದಿದ್ದದ್ದು ಸರಿ ಎಂದೇ ಇಂದಿಗೂ ನನ್ನ ಅಭಿಪ್ರಾಯ. ಆದರೆ ಕಿಟಕಿಯಲ್ಲಿ ಒಂದು ಮುಖವೂ ಕಾಣಲಿಲ್ಲ ಎಂಬ ಪೂರ್ಣೇಶನ ಮಾತಿನಿಂದ ಕೆಲಸದ ಕ್ರಮ ಒಂದನ್ನು ಬದಲಿಸಿಕೊಂಡೆ. ನಮ್ಮಲ್ಲಿ ಅನುತ್ತೀರ್ಣರಾದವರ ಹೆಸರನ್ನು ಸಂಜೆ ನೋಟಿಸ್ ಬೋರ್ಡಿಗೆ ಅಂಟಿಸಿ ಮನೆಗೆ ಹೋಗಿಬಿಡುವ ರೂಢಿಯಿತ್ತು. ಈಗ ಒಬ್ಬೊಬ್ಬರನ್ನೇ ಕರೆದು ಕೂರಿಸಿ, ಪಾಸಾಗಿಲ್ಲ ಎಂದು ನಾನೇ ಹೇಳುತ್ತೇನೆ. ಯಾಕೆ ಎಂದೂ, ಮುಂದೇನು ಮಾಡಬಹುದು ಎಂದೂ ಹೇಳುತ್ತೇನೆ. ಈ ವರ್ಷ ಹಾಗೆ ಹೇಳಬೇಕಾದದ್ದು ಇಬ್ಬರಿಗೆ. ಒಬ್ಬ ಅರ್ಧ ಗಂಟೆ ನನ್ನನ್ನು ಬೈದ. ಇನ್ನೊಬ್ಬಳು ಎಲ್ಲವನ್ನೂ ಕೇಳಿಸಿಕೊಂಡು, ಮುಂದಿನ ತಂಡ ಯಾವಾಗ ಶುರು ಎಂದು ವಿಚಾರಿಸಿ ಹೋದಳು.