ಮೆಟ್ಟಿಲ ಮೇಲಿನ ಕಂಡಕ್ಟರು

ಈ ಸಲ ಆಯುಧ ಪೂಜೆ ದಿನ ತೆಗೆದ ಫೋಟೋಗಳೆಲ್ಲ ಮಂಜು ಮಂಜಾಗಿ ಬಂದವು. ಸ್ಕೂಟರಿಗೆ ಹಾರ ಹಾಕಿ, ಬೂದುಗುಂಬಳ ಒಡೆದು, ಪಕ್ಕದಲ್ಲಿ ಅಮ್ಮನನ್ನು ನಿಲ್ಲಿಸಿ ಹತ್ತು ಫೋಟೋ ತೆಗೆದಿದ್ದೆ. ಒಂದರಲ್ಲೂ ಅಮ್ಮನ ಮುಖ ಸರಿಯಾಗಿಲ್ಲ. ಹೊಸ ಫೋನು, ಇಷ್ಟು ಬೇಗ ಕೈ ಕೊಟ್ಟಿತಲ್ಲ ಅಂತ ಮಾರಿದವನನ್ನು ಮನಸಾರೆ ಬೈದುಕೊಂಡು ತಿರುಗಿಸಿ ನೋಡಿದರೆ, ಕ್ಯಾಮರಾದ ಕಣ್ಣಿನ ಮೇಲೇ ಅಡ್ಡಡ್ಡ ಮೂರು ಬೆರಳು ವಿಭೂತಿ! ಅಮ್ಮನ ಕೆಲಸ. ದುಡಿಯುವ ವಸ್ತು ಯಾವುದನ್ನೂ ಅವಳು ಆ ದಿನ ಬೋಳು ಹಣೆಯಲ್ಲಿ ಬಿಡುವವಳಲ್ಲ. ದುಪಟ್ಟಾದಿಂದ ಒರೆಸಿ ಮೂಗಿನ ಹತ್ತಿರ ಹಿಡಿದೆ. ಆ ತಣ್ಣನೆಯ ಬೂದಿಯ ವಾಸನೆ... ಬೋಗಾದಿಯ ನಮ್ಮ ಹಳೇ ಮನೆಯ ಹಾಲ್, ಸುಯ್ ಅನ್ನುವ ಕಂಪ್ಯೂಟರು, ಅದರ ಮುಂದೆ ಮಂಡಿಯೂರಿ ಕೂತ ಮೇಷ್ಟ್ರು, ಎಲ್ಲ ಒಟ್ಟಿಗೆ ನೆನಪಾಯಿತು.

ಹತ್ತು ಹನ್ನೆರಡು ವರ್ಷದ ಹಿಂದಿನ ಮಾತು. ನಾವು ಕೆಳಗಡೆ ಬಾಡಿಗೆಗಿದ್ದೆವು, ಮೇಷ್ಟ್ರು ಮೇಲ್ಮನೆಯಲ್ಲಿ. ಐಟಿಐಯಲ್ಲಿ ಎಲೆಕ್ಟ್ರಾನಿಕ್ಸ್ ಕಲಿಸಿ ರಿಟೈರ್ ಆದವರು. ಹೆಂಡತಿ ತೀರಿಕೊಂಡಿದ್ದರು, ಮಗಳು ಬೇರೆ ಊರಿನಲ್ಲಿ. ನಮ್ಮ ಹಾಲ್‌ನ ಕಿಟಕಿ ಅವರ ಮೆಟ್ಟಿಲ ಕಡೆಗೇ ತೆರೆಯುತ್ತಿತ್ತು, ಅವರ ಚಪ್ಪಲಿ ಸದ್ದಿನಿಂದಲೇ ಹೊತ್ತು ಎಷ್ಟಾಯಿತು ಅಂತ ಅಮ್ಮ ಹೇಳುತ್ತಿದ್ದಳು. ಬಡಾವಣೆಯಲ್ಲಿ ಯಾರ ಮನೆ ಕಂಪ್ಯೂಟರ್ ಮುನಿಸಿಕೊಂಡರೂ ಮೇಷ್ಟ್ರಿಗೆ ಬುಲಾವು ಬರುತ್ತಿತ್ತು. ಅದರಲ್ಲೂ ಆಟ ಶುರುವಾಗುತ್ತಿಲ್ಲ ಅಂದರೆ ಅವರಿಗೆ ಎಲ್ಲಿಲ್ಲದ ಉಮೇದು. "ಆಟ ಸುಮ್ನೆ ಹಟ ಮಾಡಲ್ಲ ಕಣಮ್ಮ, ಅದಕ್ಕೇನೋ ಬೇಕಾಗಿರುತ್ತೆ. ಏನು ಬೇಕು ಅಂತ ನಾವು ತಾಳ್ಮೆಯಿಂದ ಕೇಳಬೇಕು" ಅನ್ನೋರು.

ಕೇಳುವುದಕ್ಕೂ ಅವರದೊಂದು ಕ್ರಮ ಇತ್ತು. ಕಂಕುಳಲ್ಲಿ ಒಂದು ಹಳೇ ಡೈರಿ. ಪರದೆ ಮೇಲೆ ಏನು ಬಂದರೂ ಅಕ್ಷರ ಬಿಡದೆ ಬರೆದುಕೊಳ್ಳುವುದು. ಒಂದು ಸಲಕ್ಕೆ ಒಂದೇ ಬದಲಾವಣೆ, ಆಮೇಲೆ ಎಲ್ಲ ಮುಚ್ಚಿ ಮತ್ತೆ ಶುರು ಮಾಡಿ ನೋಡುವುದು. ಆಗಲಿಲ್ಲವೋ, ಮೊದಲು ಹೇಗಿತ್ತೋ ಹಾಗೇ ಇಟ್ಟು ಮುಂದಿನದಕ್ಕೆ ಕೈ ಹಾಕುವುದು. ಆ ನಿಧಾನ ನೋಡಿದರೆ ನನಗೆ ಮೈಯೆಲ್ಲ ಉರಿಯುತ್ತಿತ್ತು. ನನ್ನ ಬಾಯಿ ಮೊದಲಿಂದಲೂ ಸ್ವಲ್ಪ ಜೋರು. ರಕ್ತ ಪರೀಕ್ಷೆಯ ಲ್ಯಾಬಿನಲ್ಲಿ ಕೆಲಸ, ಎಲ್ಲದಕ್ಕೂ ತಕ್ಷಣ ಉತ್ತರ ಬೇಕು ಅನ್ನುವ ಜನರ ನಡುವೆ ಇದ್ದೂ ಇದ್ದೂ ನಾನೂ ಹಾಗೇ ಆಗಿದ್ದೆ.

ಆ ವರ್ಷ ಅಪ್ಪನಿಗೆ ಲಕ್ವ ಹೊಡೆದಿತ್ತು. ಮೂವತ್ತು ವರ್ಷ ರೂಟ್ ಬಸ್ ಓಡಿಸಿದ ಮನುಷ್ಯ, ಒಂದು ಬೆಳಿಗ್ಗೆ ಬಲಗೈ ಎತ್ತಲಾರದೆ, ಮಾತು ಹೊರಡದೆ ಕುಸಿದು ಕೂತರು. ಅಮ್ಮ ಗ್ಯಾಸ್ ಇರಬೇಕು ಅಂತ ಓಮದ ಕಷಾಯ ಕುಡಿಸಿ ಮಲಗಿಸಿಬಿಟ್ಟಿದ್ದಳು. ನಾನು ಕೆಲಸದಿಂದ ಬಂದು ನೋಡುವ ಹೊತ್ತಿಗೆ ಮಧ್ಯಾಹ್ನ ದಾಟಿತ್ತು. ಆಸ್ಪತ್ರೆಯಿಂದ ಮನೆಗೆ ಕರೆತಂದ ದಿನ ನಾನು ಅಮ್ಮನ ಮುಖಕ್ಕೆ ಹೊಡೆದ ಹಾಗೆ ಅಂದೆ, "ನಿನ್ನಿಂದಲೇ ಅಪ್ಪನಿಗೆ ಹೀಗಾಗಿದ್ದು!" ಅಮ್ಮ ಸೆರಗು ಬಾಯಿಗೆ ಒತ್ತಿಕೊಂಡಳು. ಹೊರಗೆ ಮೆಟ್ಟಿಲ ಮೇಲೆ ಚಪ್ಪಲಿ ಸದ್ದು ಅರ್ಧಕ್ಕೆ ನಿಂತಿದ್ದು ನನಗೆ ಕೇಳಿಸಿತ್ತು. ಮೇಷ್ಟ್ರು ಎಲ್ಲವನ್ನೂ ಕೇಳಿಸಿಕೊಂಡಿದ್ದರು. ಆಮೇಲೆ ಅಮ್ಮ ಒಂದು ಲೋಟ ಕೈಜಾರಿ ಬಿದ್ದರೂ ಹೆದರಿ ನನ್ನ ಮುಖ ನೋಡುವಂತಾದಳು.

ವ್ಯಾಯಾಮ ಮಾಡಿಸಲು ಬರುತ್ತಿದ್ದ ಹುಡುಗಿ ಕಟ್ಟುನಿಟ್ಟಾಗಿ ಹೇಳಿದ್ದಳು. ಮೊದಲ ಕೆಲವು ತಿಂಗಳೇ ಮುಖ್ಯ, ಕೈಯನ್ನು ಒಂದು ದಿನವೂ ಸುಮ್ಮನೆ ಬಿಡಬೇಡಿ, ಅವರಿಗೆ ಇಷ್ಟವಾದದ್ದರಿಂದಲೇ ಮಾಡಿಸಿ ಅಂತ. ಅಪ್ಪನಿಗೆ ಯಾವುದೂ ಇಷ್ಟವಿರಲಿಲ್ಲ. ಮೆತ್ತನೆಯ ಚೆಂಡು ಕೊಟ್ಟರೆ ನೆಲಕ್ಕೆ ಬಿಡುತ್ತಿದ್ದರು. ಆಗ ಮೇಷ್ಟ್ರು ಎಲ್ಲಿಂದಲೋ ಹಳೇ ಕಂಪ್ಯೂಟರ್, ಆಟದ ಸ್ಟಿಯರಿಂಗು, ಬಸ್ ಓಡಿಸುವ ಆಟದ ಒಂದು ಸಿಡಿ ಹೊತ್ತುಕೊಂಡು ಬಂದರು. ಸಿಡಿ ಒಳಗಿದ್ದರೆ ಮಾತ್ರ ಆಟ ನಡೆಯುತ್ತಿತ್ತು. ಪರದೆಯಲ್ಲಿ ರಸ್ತೆ ಕಂಡಿದ್ದೇ ಅಪ್ಪ ಬೆನ್ನು ನೆಟ್ಟಗೆ ಮಾಡಿ ಕೂತರು. ಆದರೆ ಬಸ್ಸು ಮಾತ್ರ ಮುಂದಕ್ಕೆ ಬಿಡಲಿಲ್ಲ, ಹಿಂದಕ್ಕೆ ತಿರುಗಿ ತಿರುಗಿ ನೋಡುತ್ತಿದ್ದರು. ನಮಗೆ ಯಾರಿಗೂ ಹೊಳೆಯಲಿಲ್ಲ. ಮೇಷ್ಟ್ರಿಗೆ ಹೊಳೆಯಿತು. ಸ್ಟೂಲ್ ಎಳೆದುಕೊಂಡು ಅಪ್ಪನ ಹಿಂದೆ ಕೂತು, "ರೈಟ್, ರೈಟ್!" ಅಂತ ಕೂಗಿದರು. ಬಸ್ಸು ಹೊರಟಿತು.

ಅಲ್ಲಿಂದ ದಿನಾ ಸಂಜೆ ಮೇಷ್ಟ್ರು ಕಂಡಕ್ಟರು, ಅಪ್ಪ ಡ್ರೈವರು. ಸ್ಟಾಪ್ ಬಂದರೆ "ಹೋಲ್ಡಾನ್", ಬಿಟ್ಟರೆ "ರೈಟ್". "ಡ್ರೈವರ್ ಸಾಹೇಬ್ರೇ, ಸ್ವಲ್ಪ ನಿಧಾನ, ಗರ್ಭಿಣಿ ಹೆಂಗಸರು ಹತ್ತವ್ರೆ" ಅಂತ ಮೇಷ್ಟ್ರು ರೇಗಿಸಿದರೆ ಅಪ್ಪನ ಬಾಯಿಯ ಒಂದು ಕೊನೆ ಮಾತ್ರ ನಗುತ್ತಿತ್ತು. ಎರಡು ತಿಂಗಳಲ್ಲಿ ಬಲಗೈ ಬೆರಳುಗಳು ಸ್ಟಿಯರಿಂಗನ್ನು ಹಿಡಿಯತೊಡಗಿದವು. ಗಂಟಲಿನಿಂದ 'ರ್...' ಅನ್ನುವ ಒಂದು ಸದ್ದೂ ಬಂತು. ಅಮ್ಮ ಆ ದಿನ ಪಾಯಸ ಮಾಡಿದಳು.

ಅಷ್ಟರಲ್ಲಿ ಆಯುಧ ಪೂಜೆ. ಪ್ರತಿ ವರ್ಷ ಅಪ್ಪನ ಬಸ್ಸಿಗೆ ಮಾವಿನಸೊಪ್ಪು, ಬಾಳೆಕಂದು ಕಟ್ಟಿ, ಚಕ್ರದಡಿ ನಿಂಬೆಹಣ್ಣು ಇಡುವುದು ಅಮ್ಮನದೇ ಕೆಲಸವಾಗಿತ್ತು. "ಈ ವರ್ಷ ಅವರ ಬಸ್ಸು ಇದೇ ತಾನೇ?" ಅಂದವಳೇ ಕಂಪ್ಯೂಟರಿಗೆ ಪೂಜೆಗೆ ನಿಂತಳು. ಸ್ಟಿಯರಿಂಗಿಗೆ ಸೇವಂತಿಗೆ ಸುತ್ತಿ, ಪೆಡಲಿನಡಿ ನಿಂಬೆಹಣ್ಣು ಇಟ್ಟಿದ್ದನ್ನು ನಾನು ನೋಡಿ ನಕ್ಕು ಸ್ನಾನಕ್ಕೆ ಹೋದೆ. ಪೂಜೆಗಿಟ್ಟ ವಸ್ತುವನ್ನು ಅವತ್ತು ಬಳಸುವ ಹಾಗಿಲ್ಲ, ಹಾಗಾಗಿ ಯಾರೂ ಅದನ್ನು ಹಾಕಲಿಲ್ಲ.

ವಿಜಯದಶಮಿ ಬೆಳಿಗ್ಗೆ ಅಪ್ಪ ತಾವಾಗಿಯೇ ಗೋಡೆ ಹಿಡಿದುಕೊಂಡು ಬಂದು ಕುರ್ಚಿಯಲ್ಲಿ ಕೂತರು. ನಾನು ಆಟ ಒತ್ತಿದೆ. ಸಿಡಿ ಸುಯ್ ಅಂತ ತಿರುಗಿತು, ನಿಂತಿತು, ಮತ್ತೆ ತಿರುಗಿತು. ಪರದೆ ಕಪ್ಪಾಯಿತು. ಆಮೇಲೆ ಏನೂ ಆಗದ ಹಾಗೆ ಮೊದಲಿನ ಚಿತ್ರಕ್ಕೇ ಬಂದು ನಿಂತಿತು. ಹತ್ತು ಸಲ ಒತ್ತಿದೆ. ಹತ್ತು ಸಲವೂ ಅದೇ. ಅಪ್ಪ ಪರದೆಯನ್ನು ನೋಡಿದರು, ಆಮೇಲೆ ತಮ್ಮ ಬಲಗೈಯನ್ನು ನೋಡಿಕೊಂಡರು, ತಾವೇ ಕೆಡಿಸಿದೆವೇನೋ ಅನ್ನುವ ಹಾಗೆ. ಕೈಯನ್ನು ಎತ್ತಿ ತೊಡೆ ಮೇಲೆ ಇಟ್ಟುಕೊಂಡು ಮುಖ ಗೋಡೆಗೆ ತಿರುಗಿಸಿದರು.

ಮೇಷ್ಟ್ರು ಬಂದು ಡೈರಿ ತೆಗೆದರು. ಸಿಡಿಯನ್ನು ಹೊರತೆಗೆದು ಬೆಳಕಿಗೆ ಹಿಡಿದರು, ಮೂಗಿನ ಹತ್ತಿರ ತಂದರು. ಪೆನ್ನು ಹಾಗೇ ಕೈಯಲ್ಲಿತ್ತು. ಒಂದಕ್ಷರವೂ ಬರೆಯದೆ ಡೈರಿ ಮುಚ್ಚಿ, ಪಂಚೆಯ ಅಂಚಿನಿಂದ ಸಿಡಿ ಒರೆಸಿ ಮತ್ತೆ ಹಾಕಿದರು. ಆಗಲೂ ಶುರುವಾಗಲಿಲ್ಲ. "ಒಳಗಡೆ ಲೆನ್ಸ್ ಒರೆಸಬೇಕಮ್ಮ. ನಿಮ್ಮ ಲ್ಯಾಬಿಂದ ಒಂಚೂರು ಸ್ಪಿರಿಟ್ಟು, ಹತ್ತಿ ತಂದುಕೊಡ್ತೀಯಾ?" ಅಂದರು. ಹೂಂ ಅಂದೆ. ಹಬ್ಬ ಮುಗಿದ ಮೇಲೆ ಲ್ಯಾಬಿನಲ್ಲಿ ಜನವೋ ಜನ. ಮೊದಲ ದಿನ ಮರೆತೆ. ಎರಡನೇ ದಿನವೂ ಮರೆತೆ. ಅಪ್ಪ ಊಟದ ತಟ್ಟೆ ತಳ್ಳತೊಡಗಿದರು. ವ್ಯಾಯಾಮದ ಹುಡುಗಿ ಬೆರಳು ಬಿಡಿಸಲು ಹೋದರೆ ಮುಷ್ಟಿ ಬಿಗಿಹಿಡಿದರು. ಬೆರಳು ಮತ್ತೆ ಸೆಟೆದುಕೊಳ್ಳುತ್ತಿವೆ, ಹೀಗೇ ಬಿಟ್ಟರೆ ಕಷ್ಟ ಅಂತ ಅವಳು ನನ್ನನ್ನು ಪಕ್ಕಕ್ಕೆ ಕರೆದು ಹೇಳಿದಳು.

ಮೂರನೇ ದಿನ ಸ್ಪಿರಿಟ್ ಬಾಟಲಿ ಹಿಡಿದುಕೊಂಡು ಬಂದರೆ ಹಾಲ್ ತುಂಬ ಹಳೇ ದಿನಪತ್ರಿಕೆ, ಅದರ ಮೇಲೆ ಕಂಪ್ಯೂಟರಿನ ಕರುಳೆಲ್ಲ ಬಿಚ್ಚಿ ಹರಡಿದೆ, ನಡುವೆ ಮೇಷ್ಟ್ರು. ಮೂಲೆಯಲ್ಲಿ ಅಪ್ಪ ಕಣ್ಣೀರು ಹಾಕುತ್ತಾ ಕೂತಿದ್ದಾರೆ. ಅಮ್ಮ ಮಠಕ್ಕೆ ಹೋಗಿದ್ದಳು. ನನ್ನ ತಲೆ ಕೆಟ್ಟುಹೋಯಿತು. ಹಬ್ಬದ ಹಿಂದಿನ ವಾರ, ಬಸ್ಸು ಓಡುವಾಗ ಚಿತ್ರ ಜಗ್ಗುತ್ತಿದೆ ಅಂತ ಮೇಷ್ಟ್ರು ಕಂಪ್ಯೂಟರಿಗೆ ಏನೋ ಹೊಸದಾಗಿ ಹಾಕಿದ್ದರು. ಅದೇ ಸಿಕ್ಕಿತು ನನಗೆ. ಚೆನ್ನಾಗಿ ಓಡುತ್ತಿದ್ದದ್ದಕ್ಕೆ ಕೈ ಹಾಕಿ ಕೆಡಿಸಿದವರು ನೀವೇ, ನಿಮ್ಮ ಪ್ರಯೋಗಕ್ಕೆ ನಮ್ಮಪ್ಪನೇ ಬೇಕಿತ್ತಾ ಅಂತ ಬಾಯಿಗೆ ಬಂದದ್ದೆಲ್ಲ ಅಂದೆ. ಮೇಷ್ಟ್ರು ಬಾಯಿ ತೆರೆದರು. ಅವರ ಕಣ್ಣು ದೇವರ ಗೂಡಿನ ಕಡೆ, ಅಲ್ಲಿಂದ ಅಮ್ಮ ಇಲ್ಲದ ಅಡುಗೆಮನೆ ಕಡೆ ಹೋಗಿ ಬಂತು.

"ಹೌದಮ್ಮ," ಅಂದರು. "ನಾನೇ ಏನೋ ಮಾಡ್ಬುಟ್ಟೆ."

ಅಲ್ಲಿಗಾದರೂ ನಾನು ಸುಮ್ಮನಾಗಬೇಕಿತ್ತು. "ಇನ್ಮೇಲೆ ನಮ್ಮ ಮನೆ ಹೊಸ್ತಿಲು ತುಳಿಯಬೇಡಿ ಮೇಷ್ಟ್ರೇ" ಅಂದುಬಿಟ್ಟೆ. ಅವರು ತಲೆಯಾಡಿಸಿದರು. "ಇದೊಂದು ಜೋಡಿಸಿಟ್ಟು ಹೋಗ್ತೀನಿ" ಅಂತ ನನ್ನ ಕೈಯಿಂದ ಬಾಟಲಿ ಇಸಕೊಂಡರು. ನಾನು ಅಡುಗೆಮನೆಗೆ ಹೋಗಿ ಗೋಡೆಗೊರಗಿ ನಿಂತೆ, ಅವರು ಏನು ಒರೆಸಿದರು, ಏನು ತೆಗೆದರು ಅಂತ ನೋಡಲೂ ಇಲ್ಲ. ಮುಕ್ಕಾಲು ಗಂಟೆ ಆದ ಮೇಲೆ ಆಟದ ಸಂಗೀತ ಕೇಳಿಸಿತು. ಓಡಿ ಬಂದು ನೋಡುವಷ್ಟರಲ್ಲಿ ಪತ್ರಿಕೆ ಮಡಿಸಿಟ್ಟು ಹೋಗಿಬಿಟ್ಟಿದ್ದರು.

ಆಟವೇನೋ ಶುರುವಾಯಿತು. ಅಪ್ಪ ಶುರುವಾಗಲಿಲ್ಲ.

ಅಪ್ಪನನ್ನು ಕೂರಿಸಿದೆ, ಕೈಯನ್ನು ಸ್ಟಿಯರಿಂಗಿನ ಮೇಲೆ ಇಟ್ಟೆ. ಇಂಜಿನ್ ಗುರ್ ಅನ್ನುತ್ತಿದೆ, ಅಪ್ಪ ಹಿಂದಿನ ಸ್ಟೂಲ್ ಕಡೆ ನೋಡುತ್ತಾರೆ. ನಾನೇ ಸ್ಟೂಲಿನ ಮೇಲೆ ಕೂತು "ರೈಟ್" ಅಂದೆ. ಊಹೂಂ. ಇನ್ನೂ ಜೋರಾಗಿ ಅಂದೆ. ಅಪ್ಪ ಹಾರನ್ ಒತ್ತಿದರು. ಮತ್ತೆ ಒತ್ತಿದರು. ಬಸ್ ಸ್ಟ್ಯಾಂಡಿನಲ್ಲಿ ಟೀ ಕುಡಿಯಲು ಹೋದ ಕಂಡಕ್ಟರನ್ನು ಕರೆಯುವ ಹಾಗೆ ಒಂದೇ ಸಮನೆ ಹಾರನ್. ಮೇಲಕ್ಕೆ ಹೋಗಿ ಕರೆಯಬೇಕು ಅಂತ ನನಗೆ ಗೊತ್ತಿತ್ತು. ಎದ್ದೆ ಕೂಡ. ಯಾವ ಮುಖ ಹೊತ್ತು ಹೋಗಲಿ ಅಂತ ಬಾಗಿಲಲ್ಲೇ ನಿಂತೆ. ಅಷ್ಟರಲ್ಲಿ ಮೆಟ್ಟಿಲ ಮೇಲೆ ಚಪ್ಪಲಿ ಸದ್ದು, ಕಿಟಕಿಯ ಸರಳಿನ ಆಚೆಯಿಂದ ದನಿ ಬಂತು.

"ರೈಟ್, ರೈಟ್!"

ಬಸ್ಸು ಹೊರಟಿತು. ನಾನು ಬಾಗಿಲಿನ ಹಿಂದೆ ನಿಂತು ಅತ್ತುಬಿಟ್ಟೆ.

ಅವತ್ತಿನಿಂದ ಮೇಷ್ಟ್ರು ಐದನೇ ಮೆಟ್ಟಿಲ ಮೇಲೆ ಕೂತರು. ಅಲ್ಲಿಂದ ಸರಳಿನ ಸಂದಿಯಲ್ಲಿ ಪರದೆ ಕಾಣುತ್ತಿತ್ತು. ಒಂದು ಸಂಜೆಯೂ ತಪ್ಪಿಸಲಿಲ್ಲ. ಹೊಸ್ತಿಲು ತುಳಿಯಬೇಡಿ ಅಂದಿದ್ದೆನಲ್ಲ, ತುಳಿಯಲಿಲ್ಲ ಅಷ್ಟೇ. ಒಳಗೆ ಬನ್ನಿ ಅನ್ನಲು ನನಗೆ ಎರಡು ಪದ ಸಾಕಿತ್ತು. ನಾಳೆ ಅಂತೀನಿ, ನಾಡಿದ್ದು ಅಂತೀನಿ ಅಂದುಕೊಂಡೇ ದಿನ ಹೋದವು. ತಪ್ಪು ಅವರದು ತಾನೇ, ಅವರೇ ಒಪ್ಪಿಕೊಂಡರಲ್ಲ ಅನ್ನುವ ಬಿಂಕ ಬೇರೆ. ಯುಗಾದಿ ಹೊತ್ತಿಗೆ ಅಪ್ಪ ಚಮಚ ಹಿಡಿದು ತಾವೇ ಊಟ ಮಾಡಿದರು. ಅದೇ ವಾರ ಒಂದು ಸಂಜೆ ಹಾರನ್ ಒತ್ತುವ ಬದಲು ಕಿಟಕಿಯ ಕಡೆ ತಿರುಗಿ, "ರೈಟಾ?" ಅಂತ ಕೇಳಿದರು. ಲಕ್ವ ಹೊಡೆದ ಮೇಲೆ ಅಪ್ಪ ಆಡಿದ ಮೊದಲ ಮಾತು ಅದು. ಮೆಟ್ಟಿಲ ಮೇಲಿಂದ ಮೇಷ್ಟ್ರು ಮೂಗು ಒರೆಸಿಕೊಳ್ಳುವ ಸದ್ದು ಕೇಳಿಸಿತು.

ಮರುವರ್ಷ ಮಗಳು ಬಂದು ಅವರನ್ನು ತನ್ನೂರಿಗೆ ಕರೆದುಕೊಂಡು ಹೋದಳು. ಹೊರಟ ದಿನ ನಾನು ಲ್ಯಾಬಿನಲ್ಲಿದ್ದೆ. ಒಂದು ದಿನ ಹೋಗಿ ಮಾತಾಡಿಸಿಕೊಂಡು ಬರೋಣ ಅಂದುಕೊಳ್ಳುತ್ತಿರುವಾಗಲೇ ತೀರಿಹೋದರಂತೆ ಅನ್ನುವ ಸುದ್ದಿ ಬಂತು. ಅಪ್ಪನೂ ಈಗಿಲ್ಲ...

ಫೋನ್ ಒರೆಸುತ್ತಾ ನಿಂತಿದ್ದವಳ ಹತ್ತಿರ ಅಮ್ಮ ಬಂದಳು. ಫೋಟೋ ಯಾಕೆ ಹಾಗೆ ಬಂದಿದೆ ಅಂತ ತೋರಿಸಿದೆ. ಅಮ್ಮ ನಾಲಿಗೆ ಕಚ್ಚಿಕೊಂಡಳು.

"ಅಯ್ಯೋ, ಇದಕ್ಕೂ ಕಣ್ಣಿನ ಮೇಲೆ ಹಚ್ಚಬಾರದಾ? ಮೇಷ್ಟ್ರು ಹೇಳಿದ್ರು ಕಣೇ, ನಾನೇ ಮರೆತ್ಬುಟ್ಟೆ. ನಿಮ್ಮಪ್ಪನ ಬಸ್ಸಿನ ಸಿಡಿ ಒಂದ್ಸಲ ಹೊರಗೆ ತೆಗೆದು ಹೊಳೆಯೋ ಕಡೆ ಹಚ್ಚಿ, ಮತ್ತೆ ಒಳಗಿಟ್ಟಿದ್ದೆ. ಅದೇ ಅಲ್ವಾ ಮುಖ? 'ತಾಯಿ, ಇದು ಗರ್ಭಗುಡಿ ಒಳಗಿನ ದೇವರಿದ್ದಂಗೆ, ನಾವು ಮುಟ್ಟಬಾರದು. ಮುಂದಿನ ವರ್ಷದಿಂದ ಹೊರಗಡೆ ಡಬ್ಬಕ್ಕೆ ಮಾತ್ರ ಹಚ್ಚಿ' ಅಂದ್ರು. ಎಷ್ಟು ಚೆನ್ನಾಗಿ ಹೇಳಿದ್ರು ನೋಡು."

ಒಂದೊಂದೇ ನೆನಪಾಯಿತು. ಬೆಳಕಿಗೆ ಹಿಡಿದ ಸಿಡಿ, ಮೂಗಿನ ಹತ್ತಿರ ತಂದದ್ದು, ಏನೂ ಬರೆಯದೆ ಮುಚ್ಚಿದ ಡೈರಿ. ಅಮ್ಮನಿಗೆ ಇವತ್ತಿಗೂ ಗೊತ್ತಿಲ್ಲ, ಅವಳ ವಿಭೂತಿಯಿಂದಲೇ ಆಟ ನಿಂತಿದ್ದು ಅಂತ. ನನ್ನ ಬಾಯಿಗೆ ಅವಳು ಇನ್ನೊಂದು ಸಲ ಸಿಕ್ಕಬಾರದು ಅಂತಲೇ ಅವರು ತಪ್ಪನ್ನು ತಲೆ ಮೇಲೆ ಹಾಕಿಕೊಂಡಿದ್ದರು. ನಾನೂ ಅಮ್ಮನಿಗೆ ಏನೂ ಹೇಳಲಿಲ್ಲ. ಹೇಳುವುದೂ ಇಲ್ಲ.

"ಪಾಪ, ದೊಡ್ಡ ಮನುಷ್ಯ," ಅಮ್ಮ ಇನ್ನೂ ಹೇಳುತ್ತಲೇ ಇದ್ದಳು. "ಒಳಗೆ ಬಂದು ಕೂತ್ಕೊಳ್ಳಿ ಮೇಷ್ಟ್ರೇ ಅಂತ ದಿನಾ ಕರೀತಿದ್ದೆ. ಮೆಟ್ಟಿಲ ಮೇಲೆ ಗಾಳಿ ಚೆನ್ನಾಗಿ ಬರುತ್ತೆ ತಾಯಿ, ಇಲ್ಲೇ ಇರ್ತೀನಿ ಅಂದ್ಬುಡೋರು."

ಆ ಮೆಟ್ಟಿಲಿಗೆ ಮೂರು ಕಡೆಯೂ ಗೋಡೆ ಇತ್ತು. ಅಲ್ಲಿ ಗಾಳಿಯೇ ಆಡುತ್ತಿರಲಿಲ್ಲ.